ಪತ್ತನಾಜೆಯಿಂದ ದೀಪಾವಳಿಯವರೆಗೆ: ಸದ್ದಿಗೆ ಬೆದರುವ ನಾಯಿಗೆ ಧೈರ್ಯ ಕಲಿಸುವ ಬಗೆ

ಕರಾವಳಿಯಲ್ಲಿ ನಾಯಿ ಸಾಕಿದವರಿಗೆ ವರ್ಷದಲ್ಲಿ ಎರಡು ಕಾಲ ಕಷ್ಟದವು. ತುಳು ಪಂಚಾಂಗದ ಪಗ್ಗು, ಬೇಶ ತಿಂಗಳ (ಏಪ್ರಿಲ್ ನಡುವಿನಿಂದ ಜೂನ್ ನಡುವಿನವರೆಗೆ) ಸಂಜೆಗಳಲ್ಲಿ ಘಟ್ಟದ ಕಡೆಯಿಂದ ಎದ್ದು ಬರುವ ಗುಡುಗು ಸಿಡಿಲು ಒಂದಾದರೆ, ಬೊಂತೆಲ್ ತಿಂಗಳ (ಅಕ್ಟೋಬರ್-ನವೆಂಬರ್) ಸಿಡಿಲಿನ ಜೊತೆಗೇ ಬರುವ ದೀಪಾವಳಿಯ ಪಟಾಕಿ ಇನ್ನೊಂದು. ಇವೆರಡರ ನಡುವೆ, ಬೇಶ ತಿಂಗಳ ಹತ್ತನೆಯ ದಿನವಾದ ಪತ್ತನಾಜೆಗೆ ದೈವಾರಾಧನೆಯ ಕೋಲ, ನೇಮಗಳೂ ಯಕ್ಷಗಾನ ಮೇಳಗಳ ತಿರುಗಾಟವೂ ನಿಂತ ಮೇಲೆ, ಊರಿನಲ್ಲಿ ಗರ್ನಾಲಿನ (ಉತ್ಸವಗಳಲ್ಲಿ ಸಿಡಿಸುವ ಭಾರೀ ಸದ್ದಿನ ಸಿಡಿಮದ್ದು) ಸದ್ದು ಅಪರೂಪವಾಗುತ್ತದೆ. ಮಳೆ ಎಷ್ಟೇ ಜೋರಾಗಿ ಸುರಿದರೂ ಕಾರ್ತೆಲ್, ಆಟಿ ತಿಂಗಳಲ್ಲಿ (ಜೂನ್ ನಡುವಿನಿಂದ ಆಗಸ್ಟ್ ನಡುವಿನವರೆಗೆ) ಸಿಡಿಲು ಕಡಿಮೆ. ಹೆದರುವ ನಾಯಿಗೆ ಪಾಠ ಹೇಳಿಕೊಡಲು ಈ ಕಾಲವೇ ತಕ್ಕದ್ದು. ದೀಪಾವಳಿಗೆ ಎರಡು ದಿನವಿರುವಾಗ ಶುರುಮಾಡಿದ ಪಾಠ ನಾಯಿಗೆ ತಲುಪುವುದಿಲ್ಲ.

ಉಡುಪಿಯ ಸಮೀಪದ ನಮ್ಮ ಮನೆಯಲ್ಲಿ ಕರಿಯ ಎಂಬ ಊರನಾಯಿ ಇದೆ. ಅದನ್ನು ಸಾಕಿದ ಮೊದಲ ವರ್ಷ, ಪಕ್ಕದ ದೈವಸ್ಥಾನದ ನೇಮದ ರಾತ್ರಿ, ಎಂದಿನಂತೆ ಅಂಗಳದ ಕಂಬಕ್ಕೆ ಸರಪಳಿಯಲ್ಲಿ ಕಟ್ಟಿ ಮಲಗಿದ್ದೆವು. ಬೆಳಗಾಗುವಾಗ ಹರಿದ ಪಟ್ಟಿ ಮಾತ್ರ ಅಲ್ಲಿತ್ತು. ಎರಡು ದಿನ ಹುಡುಕಿದ ಮೇಲೆ ಹೊಳೆಬದಿಯ ಕೇದಗೆ ಮುಳ್ಳಿನ ನಡುವೆ ನಡುಗುತ್ತಾ ಕುಳಿತಿದ್ದ ಅದನ್ನು ಕಂಡಾಗ, ಭಯವನ್ನು ಹಟವೆಂದು ತಿಳಿದು ಗದರಿಸುತ್ತಿದ್ದುದು ಎಂಥ ತಪ್ಪು ಎಂಬುದು ನನಗೆ ಅರ್ಥವಾಯಿತು.

ಮೊದಲು ಭಯವನ್ನು ಗುರುತಿಸಬೇಕು. ಮನುಷ್ಯನ ಕಿವಿಗೆ ಕೇಳುವುದು ಸುಮಾರು 20,000 ಹರ್ಟ್ಸ್‌ವರೆಗಿನ ಸದ್ದು. ನಾಯಿಗೆ ಸುಮಾರು 45,000 ಹರ್ಟ್ಸ್‌ವರೆಗೂ ಕೇಳುತ್ತದೆ. ನಮಗೆ ಕೇಳುವ ಮೊದಲೇ ನಾಯಿ ಎದ್ದು ನಿಲ್ಲುವುದು ಬೇರೇನನ್ನೋ ಕಂಡಲ್ಲ, ದೂರದ ಸದ್ದು ಅದಕ್ಕೆ ತಲುಪಿರುವುದರಿಂದ. ಬಾಲ ಹೊಟ್ಟೆಯಡಿಗೆ ಹೋಗುವುದು, ನಡುಗುವುದು ಎಲ್ಲರಿಗೂ ಕಾಣುತ್ತದೆ. ಆದರೆ ಅದಕ್ಕೂ ಮೊದಲು ಬರುವ ಸಣ್ಣ ಲಕ್ಷಣಗಳನ್ನು ನೋಡಲು ಕಲಿಯಬೇಕು: ನಿದ್ದೆಯಿಲ್ಲದೆ ಆಕಳಿಸುವುದು, ತಿನ್ನಲು ಏನೂ ಇಲ್ಲದಾಗ ತುಟಿ ನೆಕ್ಕುವುದು, ಸೆಕೆಯಿಲ್ಲದೆ ಏದುಸಿರು ಬಿಡುವುದು, ಕಿವಿ ಹಿಂದಕ್ಕೆ ಒತ್ತಿಕೊಳ್ಳುವುದು, ಇಷ್ಟದ ತಿಂಡಿಯನ್ನೂ ಬೇಡವೆನ್ನುವುದು. ನಾಯಿಯ ಅಂಗಾಲು ಬೆವರುವುದರಿಂದ, ರೆಡ್ ಆಕ್ಸೈಡ್ ನೆಲದ ಮನೆಗಳಲ್ಲಿ ಒದ್ದೆ ಹೆಜ್ಜೆಗುರುತೂ ಅದರ ಭಯವನ್ನು ತಿಳಿಸುತ್ತದೆ.

ಎರಡನೆಯ ಕೆಲಸ, ಅಡಗಲು ಒಂದು ಜಾಗ ಮಾಡಿಕೊಡುವುದು. ಹೆಂಚಿನ ಮಾಡಿನ ಮನೆಯಲ್ಲಿ ಸದ್ದು ಮೇಲಿನಿಂದಲೇ ಇಳಿಯುತ್ತದೆ. ಅಂಗಳಕ್ಕೆ ತಗಡಿನ ಶೀಟು ಹೊದೆಸಿದಲ್ಲಿ ಮಳೆಯ ಸದ್ದೇ ಅರ್ಧ ಸಿಡಿಲಾಗಿರುತ್ತದೆ. ಹಾಗಾಗಿ ಹೊರಗಿನ ಗೂಡು ಇದಕ್ಕೆ ಸಾಲದು. ಮನೆಯ ನಡುಭಾಗದಲ್ಲಿ, ಕಿಟಕಿಯಿಂದ ದೂರವಿರುವ ಮೂಲೆಯಲ್ಲಿ, ಮಂಚದಡಿಯಲ್ಲೋ ಮೆಟ್ಟಿಲಿನ ಕೆಳಗೋ ಹಳೆಯ ಗೋಣಿಯನ್ನೂ ನಿಮ್ಮ ಮೈಯ ವಾಸನೆಯಿರುವ ಬಟ್ಟೆಯನ್ನೂ ಹಾಸಿ, ಮೂರು ಬದಿಗೆ ದಪ್ಪ ಕಂಬಳಿ ಇಳಿಬಿಡಬೇಕು. ನಾಯಿಯನ್ನು ಒಳಗೆ ಬಿಟ್ಟು ಅಭ್ಯಾಸವಿಲ್ಲದ ಮನೆಗಳಲ್ಲಿ ಹಿರಿಯರು ಒಪ್ಪದಿರಬಹುದು. ಆಗ ಬಾಗಿಲಿರುವ ಕಟ್ಟಿಗೆ ಕೊಟ್ಟಿಗೆಯಾದರೂ ಆದೀತು, ಸರಪಳಿ ಮಾತ್ರ ಬೇಡ. ಸಿಡಿಲಿಲ್ಲದ ದಿನಗಳಲ್ಲೇ ಅಲ್ಲಿ ಊಟ ಹಾಕಿ, ತಾನಾಗಿ ಹೋಗಿ ಮಲಗುವಂತೆ ಮಾಡಬೇಕು. ಎಳೆದು ತುರುಕಿದರೆ ಆ ಜಾಗವೂ ಭಯದ ಪಟ್ಟಿಗೆ ಸೇರುತ್ತದೆ.

ಮೂರನೆಯದು ಪಾಠದ ತಿರುಳು, ತಾಳ್ಮೆ ಬೇಡುವುದೂ ಇದೇ. ಸಿಡಿಲು ಅಥವಾ ಪಟಾಕಿಯ ಧ್ವನಿಮುದ್ರಣವನ್ನು ಮೊಬೈಲಿನಲ್ಲಿ ಇಟ್ಟುಕೊಂಡು, ನಾಯಿಯ ಕಿವಿ ಒಮ್ಮೆ ಅಲುಗುವಷ್ಟು ಮಾತ್ರ, ನಮಗೆ ಕೇಳಿತೋ ಇಲ್ಲವೋ ಎಂಬಷ್ಟು ಸಣ್ಣಗೆ ಹಾಕಬೇಕು. ಸದ್ದು ಕೇಳಿದ ಕೂಡಲೇ ಕಡಲೆಕಾಳಿನಷ್ಟು ಬೇಯಿಸಿದ ಕೋಳಿ ಮಾಂಸವನ್ನೋ ಮುಳ್ಳು ಬಿಡಿಸಿದ ಮೀನನ್ನೋ ಕೊಡಬೇಕು. ಸದ್ದು ನಿಂತಾಗ ತಿಂಡಿಯೂ ನಿಲ್ಲಬೇಕು. ಉಪ್ಪು ಹೆಚ್ಚಿರುವ ಒಣಮೀನು ಬೇಡ, ಈರುಳ್ಳಿ, ಬೆಳ್ಳುಳ್ಳಿ ಬೆರೆತ ಸಾರಿನ ತುಂಡಂತೂ ನಾಯಿಗೆ ವಿಷ. ಇಲ್ಲಿ ಅನುಕ್ರಮ ತಪ್ಪಬಾರದು: ಸದ್ದು ಮೊದಲು, ತಿಂಡಿ ಆಮೇಲೆ. ರಷ್ಯಾದ ವಿಜ್ಞಾನಿ ಇವಾನ್ ಪಾವ್ಲೊವ್ ತಮ್ಮ ಪ್ರಯೋಗಗಳಲ್ಲಿ ಕಂಡಂತೆ, ಆಹಾರದ ಮುಂಚೆ ಮತ್ತೆ ಮತ್ತೆ ಬರುವ ಸೂಚನೆಗೇ ನಾಯಿಯ ಬಾಯಲ್ಲಿ ಜೊಲ್ಲು ಬರತೊಡಗುತ್ತದೆ. ತಿಂಡಿ ಮೊದಲು ಕೊಟ್ಟು ಆಮೇಲೆ ಸದ್ದು ಮಾಡಿದರೆ, ತಿಂಡಿಯ ಡಬ್ಬಿ ತೆರೆದ ಕೂಡಲೇ ನಾಯಿ ಓಡಿಹೋಗುವುದನ್ನು ಕಲಿಯುತ್ತದೆ.

ದಿನಕ್ಕೆ ಐದು ನಿಮಿಷ ಸಾಕು. ಸದ್ದು ಕೇಳಿದ ಕೂಡಲೇ ನಾಯಿ ಖುಷಿಯಿಂದ ನಿಮ್ಮ ಕೈ ನೋಡತೊಡಗಿದ ಮೇಲೆ, ಮೂರು ನಾಲ್ಕು ದಿನ ಕಳೆದು, ಧ್ವನಿಯನ್ನು ಒಂದು ಗೆರೆ ಏರಿಸಬಹುದು. ಆಕಳಿಕೆ, ತುಟಿ ನೆಕ್ಕುವಿಕೆ ಕಂಡಿತೋ, ಎರಡು ಗೆರೆ ಇಳಿಸಿ. ತಿಂಗಳುಗಟ್ಟಲೆ ಹಿಡಿದರೂ ಅವಸರ ಬೇಡ. ನಮ್ಮ ಕರಿಯನಿಗೆ ಒಂದು ಮಳೆಗಾಲ ಪೂರ್ತಿ ಬೇಕಾಯಿತು. ಧ್ವನಿಮುದ್ರಣಕ್ಕೆ ಅಂಜದ ನಾಯಿ ನಿಜವಾದ ಸಿಡಿಲಿಗೆ ಅಂಜುವುದುಂಟು, ಏಕೆಂದರೆ ಸಿಡಿಲೆಂದರೆ ಸದ್ದು ಮಾತ್ರವಲ್ಲ, ಮಿಂಚಿನ ಬೆಳಕೂ ಗಾಳಿಯೂ ನೆಲದ ನಡುಕವೂ ಹೌದು. ಎರಡನೆಯ ಹಂತದ ಅಡಗುದಾಣವನ್ನು ಯಾರೂ ಬಿಟ್ಟುಬಿಡಬಾರದು ಎನ್ನುವುದು ಇದಕ್ಕಾಗಿ.

ಮನೆಗೆ ಹೊಸ ಮರಿ ಬಂದಿದ್ದರೆ ಕೆಲಸ ಸುಲಭ. ಮೂರು ವಾರದಿಂದ ಸುಮಾರು ಹದಿನಾಲ್ಕು ವಾರದ ಪ್ರಾಯದೊಳಗೆ ಮರಿ ಕಂಡದ್ದನ್ನು, ಕೇಳಿದ್ದನ್ನು ಲೋಕದ ಸಹಜ ಸಂಗತಿಯೆಂದು ಸ್ವೀಕರಿಸುತ್ತದೆ. ಮಿಕ್ಸಿ, ಚೆಂಡೆಯ ಧ್ವನಿಮುದ್ರಣ, ಪಾತ್ರೆ ಬಿದ್ದ ಸದ್ದು, ಎಲ್ಲವನ್ನೂ ಮೆಲ್ಲಗೆ, ತಿಂಡಿಯೊಂದಿಗೆ ಆಗಲೇ ಪರಿಚಯಿಸಬೇಕು.

ಇನ್ನು ಹಬ್ಬದ ದಿನ. 2018ರಲ್ಲಿ ಸುಪ್ರೀಂ ಕೋರ್ಟ್ ದೀಪಾವಳಿಯ ಪಟಾಕಿಗೆ ರಾತ್ರಿ 8ರಿಂದ 10ರ ಅವಧಿಯನ್ನು ಗೊತ್ತುಮಾಡಿತ್ತಾದರೂ ಊರಿನಲ್ಲಿ ಮುಸ್ಸಂಜೆಗೇ ಸದ್ದು ಶುರುವಾಗುತ್ತದೆ. ಆದ್ದರಿಂದ ನಾಯಿಯ ಸುತ್ತಾಟವನ್ನೂ ಊಟವನ್ನೂ ಸಂಜೆ ಐದರೊಳಗೆ ಮುಗಿಸಿ, ಗೇಟು ಹಾಕಿ, ಕೊರಳಪಟ್ಟಿಯಲ್ಲಿ ನಿಮ್ಮ ಫೋನ್ ನಂಬರ್ ಇದೆಯೆಂದು ನೋಡಿಕೊಂಡು ಒಳಗೆ ಬಿಡಬೇಕು. ಫ್ಯಾನು, ಟಿವಿ ಹಾಕಿಟ್ಟರೆ ಹೊರಗಿನ ಸದ್ದು ಸ್ವಲ್ಪ ಮುಚ್ಚಿಹೋಗುತ್ತದೆ. ಹೆದರಿದಾಗ ಸವರಿ ಸಮಾಧಾನ ಮಾಡಿದರೆ ಭಯ ಇನ್ನೂ ಬೆಳೆಯುತ್ತದೆ ಎಂದು ಹಲವರು ಹೇಳುವುದನ್ನು ನಂಬಬೇಕಿಲ್ಲ. ಭಯ ಎಂಬುದು ಬಹುಮಾನ ಕೊಟ್ಟು ಬೆಳೆಸಬಹುದಾದ ವರ್ತನೆಯಲ್ಲ. ನಾಯಿ ಹತ್ತಿರ ಬಂದರೆ ಶಾಂತವಾಗಿ ಪಕ್ಕದಲ್ಲಿ ಕುಳಿತಿರಿ. ಅಡಗಿದ್ದರೆ ಎಳೆಯಬೇಡಿ, ಮಕ್ಕಳನ್ನೂ ಹತ್ತಿರ ಬಿಡಬೇಡಿ. ಬೆದರಿದ ನಾಯಿ ಮನೆಯವರನ್ನೂ ಕಚ್ಚೀತು. ಕಚ್ಚಿದರೆ ಗಾಯವನ್ನು ಹದಿನೈದು ನಿಮಿಷ ಸಾಬೂನು ಹಚ್ಚಿ ಹರಿಯುವ ನೀರಿನಲ್ಲಿ ತೊಳೆದು, ತಡಮಾಡದೆ ವೈದ್ಯರ ಬಳಿಗೆ ಹೋಗಬೇಕು.

ಮೈಗೆ ಗಾಯ ಮಾಡಿಕೊಳ್ಳುವಷ್ಟು ಹೆದರುವ ನಾಯಿಗೆ ಪಾಠವೊಂದೇ ಸಾಲದು. ಹಬ್ಬಕ್ಕೆ ಕೆಲವು ವಾರ ಮೊದಲೇ ಪಶುವೈದ್ಯರನ್ನು ಕಂಡು, ಮಂಪರು ಬರಿಸುವ ಔಷಧವಲ್ಲ, ಭಯವನ್ನೇ ತಗ್ಗಿಸುವ ಔಷಧ ಬೇಕೆಂದು ಬಿಡಿಸಿ ಹೇಳಬೇಕು. ಮಂಪರಿನಲ್ಲಿ ಕೈಕಾಲು ಸೋತು ಬಿದ್ದಿರುವ ನಾಯಿಗೆ ಸದ್ದು ಕೇಳುತ್ತಲೇ ಇರುತ್ತದೆ. ಮನೆಯಲ್ಲಿರುವ ಮನುಷ್ಯರ ನಿದ್ದೆ ಮಾತ್ರೆಯನ್ನು ಎಂದಿಗೂ ಕೊಡಬಾರದು.

ಹಬ್ಬದ ಮರುದಿನ ಬೆಳಿಗ್ಗೆ ನಾಯಿಯನ್ನು ಹೊರಬಿಡುವ ಮೊದಲು ಅಂಗಳವನ್ನೂ ಗೇಟಿನೆದುರಿನ ರಸ್ತೆಯನ್ನೂ ಗುಡಿಸಿ, ಸಿಡಿಯದೆ ಉಳಿದ ಪಟಾಕಿಗಳನ್ನು ನೀರಿನ ಬಕೆಟ್ಟಿಗೆ ಹಾಕಬೇಕು. ಆ ಒಂದೆರಡು ದಿನ ಅದು ಉಂಡದ್ದು ಕಡಿಮೆಯಾದರೆ ಗಾಬರಿ ಬೇಡ. ವಾರ ಕಳೆದ ಮೇಲೆ ಮೊಬೈಲಿನ ಪಾಠವನ್ನು ಬಿಟ್ಟಲ್ಲಿಂದ ಅಲ್ಲ, ಮತ್ತೆ ಅತ್ಯಂತ ಸಣ್ಣ ಸದ್ದಿನಿಂದ ಆರಂಭಿಸಬೇಕು. ಜಾರ್ದೆ ತಿಂಗಳು (ನವೆಂಬರ್-ಡಿಸೆಂಬರ್) ಬಂದರೆ ಮತ್ತೆ ನೇಮಗಳು ಶುರುವಾಗುತ್ತವೆ.