ಓದಲು ಬಾರದ ಪೆಟ್ಟಿಗೆ: ಜರ್ಮನ್ ಮೂಲದ ಅಮೆರಿಕನ್ ಮನೆತನದ ಕಾಗದಪತ್ರಗಳನ್ನು ಕಾಪಾಡುವ ಬಗೆ

ವಿಸ್ಕಾನ್ಸಿನ್, ಒಹಾಯೊ, ಟೆಕ್ಸಸ್, ಪೆನ್ಸಿಲ್ವೇನಿಯಾಗಳ ಹಳೆಯ ಮನೆಗಳ ಅಟ್ಟದಲ್ಲಿ ಒಂದು ಪೆಟ್ಟಿಗೆ ಸಿಗುವುದುಂಟು. ದಪ್ಪ ರಟ್ಟಿನ ಬೈಬಲ್, ಬಣ್ಣದ ಹೂಬಳ್ಳಿಯ ಅಂಚಿರುವ ದೀಕ್ಷಾಸ್ನಾನದ ಪತ್ರ, ದಾರದಿಂದ ಬಿಗಿದ ಓಲೆಗಳ ಕಟ್ಟು ಅದರಲ್ಲಿರುತ್ತವೆ. 2020ರ ಜನಗಣತಿಯಲ್ಲಿ ಸುಮಾರು ನಾಲ್ಕೂವರೆ ಕೋಟಿ ಅಮೆರಿಕನ್ನರು ತಮ್ಮದು ಜರ್ಮನ್ ಮೂಲವೆಂದು ಬರೆಸಿದರಾದರೂ ಈ ಓಲೆಗಳನ್ನು ಓದಬಲ್ಲವರು ಅವರಲ್ಲಿ ತೀರ ವಿರಳ. ಇಂಥ ಮನೆತನಕ್ಕೆ ಮದುವೆಯ ಮೂಲಕ ಸೇರಿದ, ಅಥವಾ ತಾವು ನೆಲೆಸಿದ ಊರಿನ ಇತಿಹಾಸ ಸಂಘದಲ್ಲಿ ಸ್ವಯಂಸೇವಕರಾಗಿ ದುಡಿಯುವ ಕನ್ನಡಿಗರಿಗೆ ನೆರವಾಗಲೆಂದು ಇದನ್ನು ಬರೆಯುತ್ತಿದ್ದೇನೆ.

ಓಲೆಗಳು ಏಕೆ ಮೂಕವಾದವು ಎಂಬುದನ್ನು ಮೊದಲು ತಿಳಿಯಬೇಕು. 1683ರಲ್ಲಿ ಕ್ರೇಫೆಲ್ಡ್ ಪಟ್ಟಣದ 13 ಕುಟುಂಬಗಳು ‘ಕಾಂಕರ್ಡ್’ ಹಡಗಿನಲ್ಲಿ ಫಿಲಡೆಲ್ಫಿಯಾಕ್ಕೆ ಬಂದು ಜರ್ಮನ್‌ಟೌನ್ ಕಟ್ಟಿದಂದಿನಿಂದ ಎರಡು ಶತಮಾನಕ್ಕೂ ಹೆಚ್ಚು ಕಾಲ ಜರ್ಮನ್ ಭಾಷೆ ಅಲ್ಲಿನ ಶಾಲೆ, ಚರ್ಚು, ಪತ್ರಿಕೆಗಳಲ್ಲಿ ಬಾಳಿತ್ತು. 1917ರ ಏಪ್ರಿಲ್‌ನಲ್ಲಿ ಅಮೆರಿಕವು ಜರ್ಮನಿಯ ಮೇಲೆ ಯುದ್ಧಕ್ಕಿಳಿದ ಮೇಲೆ ಎಲ್ಲವೂ ತಿರುಗಿತು. ಅಯೋವಾದ ರಾಜ್ಯಪಾಲ ವಿಲಿಯಂ ಹಾರ್ಡಿಂಗ್ 1918ರ ಮೇ ತಿಂಗಳಲ್ಲಿ ಸಾರ್ವಜನಿಕ ಸ್ಥಳಗಳಲ್ಲಿ, ರೈಲಿನಲ್ಲಿ, ದೂರವಾಣಿಯಲ್ಲಿ ಸಹ ಇಂಗ್ಲಿಷ್ ಹೊರತು ಬೇರೆ ಭಾಷೆಯನ್ನು ಆಡಕೂಡದೆಂದು ಘೋಷಿಸಿದರು. ನೆಬ್ರಾಸ್ಕಾದಲ್ಲಿ ಹತ್ತು ವರ್ಷದ ಹುಡುಗನಿಗೆ ಜರ್ಮನ್ ಓದು ಕಲಿಸಿದ ರಾಬರ್ಟ್ ಮೇಯರ್ ಎಂಬ ಶಿಕ್ಷಕರಿಗೆ ಶಿಕ್ಷೆಯಾಯಿತು. 1923ರಲ್ಲಿ ಸುಪ್ರೀಂ ಕೋರ್ಟ್ ಅಂಥ ಕಲಿಕೆಯನ್ನು ನಿಷೇಧಿಸಿದ್ದ ಆ ರಾಜ್ಯದ ಕಾಯಿದೆಯನ್ನೇ ಅಸಿಂಧುಗೊಳಿಸಿತು. ಆದರೆ ಅಷ್ಟರಲ್ಲಿ ಎಷ್ಟೋ ತಂದೆತಾಯಿಗಳು ಮಕ್ಕಳೊಡನೆ ಮನೆಮಾತನ್ನು ಆಡುವುದನ್ನು ಬಿಟ್ಟಿದ್ದರು. ಹಾಗಾಗಿ, ಓದಲಾಗದು ಎಂಬ ಕಾರಣಕ್ಕೆ ಒಂದು ಹಾಳೆಯನ್ನೂ ಎಸೆಯಬೇಡಿ. ಓದಲಾಗದಿರುವುದು ಹಾಳೆಯ ದೋಷವಲ್ಲ, ಅದರ ಚರಿತ್ರೆ.

ಪೆಟ್ಟಿಗೆ ತೆರೆದ ದಿನ ಮಾಡಬೇಕಾದ ಮುಖ್ಯ ಕೆಲಸವೆಂದರೆ ಏನನ್ನೂ ಮರುಜೋಡಿಸದೆ, ಇದ್ದ ಕ್ರಮದಲ್ಲಿಯೇ ಪ್ರತಿ ಪದರದ ಛಾಯಾಚಿತ್ರ ತೆಗೆಯುವುದು. ಯಾವ ಓಲೆ ಯಾವ ಲಕೋಟೆಯಲ್ಲಿತ್ತು, ಯಾವ ಭಾವಚಿತ್ರ ಬೈಬಲಿನ ಯಾವ ಪುಟದ ನಡುವೆ ಇತ್ತು ಎಂಬುದೇ ಎಷ್ಟೋ ಸಲ ಹೆಸರಿಲ್ಲದ ಮುಖಕ್ಕೆ ಹೆಸರು ಕೊಡುತ್ತದೆ. ಪೆಟ್ಟಿಗೆ ಯಾರಿಂದ ಯಾರಿಗೆ ಬಂತೆಂದು ಮನೆಯ ಹಿರಿಯರನ್ನು ಅಂದೇ ಕೇಳಿ ಬರೆದಿಡಿ. ನಂತರ ತುಕ್ಕು ಹಿಡಿದ ಗುಂಡುಸೂಜಿ, ರಬ್ಬರ್ ಬ್ಯಾಂಡುಗಳನ್ನು ಮೆಲ್ಲನೆ ತೆಗೆದು, ಹಾಳೆಗಳನ್ನು ಆಮ್ಲರಹಿತ ಕಾಗದದ ಕಡತಗಳಲ್ಲಿಡಿ. ಅಂಟುಪಟ್ಟಿ ಹಚ್ಚುವುದು, ಲ್ಯಾಮಿನೇಟ್ ಮಾಡಿಸುವುದು ಎರಡೂ ಸರಿಪಡಿಸಲಾಗದ ಹಾನಿ. ಬೇಸಗೆ, ಚಳಿಗಾಲಗಳ ಏರುಪೇರು ತಟ್ಟುವ ಅಟ್ಟವೂ ತೇವದ ನೆಲಮಾಳಿಗೆಯೂ ಬೇಡ. ಮನೆಯವರು ವಾಸಿಸುವ ಕೋಣೆಯ ಕಪಾಟೇ ಸಾಕು.

ಓದುವ ಕೆಲಸ ನಿಜವಾಗಿ ಕಷ್ಟದ್ದು, ಅಷ್ಟೇ ಸಂತೋಷದ್ದು. ಅಚ್ಚಾದ ಪುಸ್ತಕ, ಪತ್ರಿಕೆಗಳಲ್ಲಿರುವುದು ಫ್ರಾಕ್ಟೂರ್ ಲಿಪಿ. ಅದು ಒಂದೆರಡು ವಾರದ ಅಭ್ಯಾಸಕ್ಕೆ ಒಲಿಯುತ್ತದೆ. ಕೈಬರಹದ್ದು ಕುರೆಂಟ್ ಎಂಬ ಬೇರೆಯೇ ಲಿಪಿ. ಅದರಲ್ಲಿ ರೋಮನ್ ‘ಇ’ (e) ಅಕ್ಷರ ‘ಎನ್’ನಂತೆ (n) ಕಾಣುತ್ತದೆ, ಮತ್ತು ‘ಯು’ವನ್ನು ‘ಎನ್’ನಿಂದ ಬೇರ್ಪಡಿಸುವುದು ತಲೆಯ ಮೇಲಿನ ಒಂದು ಸಣ್ಣ ಬಿಲ್ಲು ಮಾತ್ರ. ಕಣ್ಣಿನಿಂದ ಕಲಿಯುವುದಕ್ಕಿಂತ ಕೈಯಿಂದ ಕಲಿಯುವುದು ಸುಲಭವೆಂಬುದು ನನ್ನ ದೃಢ ಅಭಿಪ್ರಾಯ: ಮಕ್ಕಳು ಅಕ್ಷರ ತಿದ್ದುವಂತೆ ದಿನಕ್ಕೆ ಅರ್ಧ ಗಂಟೆ ಇಡೀ ವರ್ಣಮಾಲೆಯನ್ನು ತಿದ್ದಿ, ಮನೆತನದ ಹೆಸರುಗಳನ್ನು ಆ ಲಿಪಿಯಲ್ಲಿ ಬರೆದು ನೋಡಿ, ಆಮೇಲೆ ಓಲೆಯಲ್ಲಿ ಆ ಹೆಸರುಗಳನ್ನೇ ಮೊದಲು ಹುಡುಕಿ. ವ್ಯಕ್ತಿಗಳ, ಊರುಗಳ ಹೆಸರನ್ನು ಹಲವರು ರೋಮನ್ ಅಕ್ಷರದಲ್ಲಿಯೇ ಬರೆಯುತ್ತಿದ್ದುದು ದೊಡ್ಡ ಆಸರೆ. ಹಳೆಯ ದಿನಾಂಕಗಳಲ್ಲಿ 7ರ ಮುಂದೆ ‘ಬರ್’ ಎಂದಿದ್ದರೆ ಅದು ಜುಲೈ ಅಲ್ಲ, ಸೆಪ್ಟೆಂಬರ್. ಲ್ಯಾಟಿನ್ನಿನಲ್ಲಿ ‘ಸೆಪ್ಟೆಮ್’ ಎಂದರೆ ಏಳು. ಟ್ರಾನ್ಸ್‌ಕ್ರಿಬಸ್ ಎಂಬ ತಂತ್ರಾಂಶ ಈ ಕೈಬರಹವನ್ನು ಓದಿಕೊಡುತ್ತದೆ, ಆದರೆ ಹೆಸರುಗಳಲ್ಲಿ ತಪ್ಪುತ್ತದೆ. ಅದರ ಪಠ್ಯವನ್ನು ಕರಡೆಂದೇ ಭಾವಿಸಿ ಸಾಲುಸಾಲಾಗಿ ತಾಳೆ ನೋಡಬೇಕು. ಬಾಸೆಲ್ ಮಿಷನ್ನಿನ ಪಾದ್ರಿಗಳು ಮಂಗಳೂರು, ಧಾರವಾಡಗಳಿಂದ ಕಳಿಸಿದ ವರದಿಗಳೂ ಇದೇ ಲಿಪಿಯಲ್ಲಿವೆ, ಮತ್ತು ಅದೇ ಬಾಸೆಲ್‌ನಲ್ಲಿ ತರಬೇತಾದ ಪಾದ್ರಿಗಳು ಅಮೆರಿಕದ ಜರ್ಮನ್ ವಲಸಿಗರ ಚರ್ಚುಗಳಿಗೂ ಹೋಗಿದ್ದರು. ಕುರೆಂಟ್ ಕಲಿತ ಕನ್ನಡಿಗರಿಗೆ ಮೊಗ್ಲಿಂಗ್, ಕಿಟೆಲ್ ಅವರ ಕಾಲದ ನಮ್ಮ ಚರಿತ್ರೆಯ ಬಾಗಿಲೂ ತೆರೆಯುತ್ತದೆ.

ಮುಂದಿನದು ಮೂಲ ಊರಿನ ಹುಡುಕಾಟ. ‘ಜರ್ಮನಿ’ ಎಂಬಷ್ಟರಿಂದ ಏನೂ ಸಿಗದು, ಏಕೆಂದರೆ 1871ಕ್ಕೆ ಮೊದಲು ಆ ಹೆಸರಿನ ಒಂದು ದೇಶವೇ ಇರಲಿಲ್ಲ. ಬಂದವರು ಪ್ರಷ್ಯಾದವರು, ಬವೇರಿಯಾದವರು, ಮೆಕ್ಲೆನ್‌ಬುರ್ಗ್‌ನವರು. ದಾಖಲೆಗಳು ಇರುವುದು ಹಳ್ಳಿಯ ಚರ್ಚಿನ ಹೊತ್ತಗೆಗಳಲ್ಲಿ, ಹಾಗಾಗಿ ಹಳ್ಳಿಯ ಹೆಸರೇ ಬೇಕು. ಹುಡುಕಾಟವನ್ನು ಅಮೆರಿಕದಲ್ಲಿಯೇ ಆರಂಭಿಸಿ: ಅವರು ಸೇರಿದ್ದ ಚರ್ಚಿನ ಮದುವೆ ಮತ್ತು ಮರಣದ ಪುಸ್ತಕ, ಗೋರಿಕಲ್ಲು, ಜರ್ಮನ್ ಪತ್ರಿಕೆಯ ಮರಣವಾರ್ತೆ, 1906ರ ನಂತರದ ಪೌರತ್ವದ ಅರ್ಜಿ. ಹ್ಯಾಂಬರ್ಗ್ ಬಂದರಿನ ಪ್ರಯಾಣಿಕರ ಪಟ್ಟಿಗಳು 1850ರಿಂದ 1934ರವರೆಗೆ ಬಹುಮಟ್ಟಿಗೆ ಉಳಿದಿವೆ. ಬ್ರೆಮೆನ್‌ನ ಹಳೆಯ ಪಟ್ಟಿಗಳು ಬಹುಪಾಲು ನಾಶವಾಗಿವೆ. ನ್ಯೂಯಾರ್ಕಿನಲ್ಲಿ 1855ರಿಂದ ಕ್ಯಾಸಲ್ ಗಾರ್ಡನ್ ವಲಸಿಗರ ಹೆಬ್ಬಾಗಿಲಾಗಿತ್ತು, ಎಲ್ಲಿಸ್ ದ್ವೀಪ ತೆರೆದದ್ದು 1892ರಲ್ಲಿ. ಎಲ್ಲಿಸ್ ದ್ವೀಪದ ಅಧಿಕಾರಿಗಳು ಹೆಸರು ಬದಲಿಸಿದರೆಂಬ ಕಥೆಯನ್ನು ಬಹಳ ಮನೆಗಳಲ್ಲಿ ಹೇಳುತ್ತಾರೆ, ಆದರೆ ಅವರು ಹಡಗಿನವರು ತಂದ ಪಟ್ಟಿಯನ್ನು ನೋಡಿ ವಿಚಾರಿಸುತ್ತಿದ್ದರೇ ಹೊರತು ಹೊಸ ಹೆಸರು ಕೊಡುತ್ತಿರಲಿಲ್ಲ. ಮ್ಯುಲರ್ ಮಿಲ್ಲರ್ ಆದದ್ದು, ಶ್ಮಿಟ್ ಸ್ಮಿತ್ ಆದದ್ದು ಸಾಮಾನ್ಯವಾಗಿ ಇಲ್ಲಿ ನೆಲೆಸಿದ ಮೇಲೆ. ಆದ್ದರಿಂದ ಹಡಗಿನ ಪಟ್ಟಿಯಲ್ಲಿ ಹಳೆಯ ಹೆಸರನ್ನೇ ಹುಡುಕಿ.

ಕಾಗದ ಕಾಯಬಲ್ಲದು, ದನಿ ಕಾಯಲಾರದು. ಪೆನ್ಸಿಲ್ವೇನಿಯಾ ಡಚ್ ಎಂದು ಕರೆಸಿಕೊಳ್ಳುವ ಜರ್ಮನ್ ನುಡಿ ಆಮಿಶ್ ಎಂಬ ಕ್ರೈಸ್ತ ಪಂಗಡದ ಮಕ್ಕಳ ಬಾಯಲ್ಲಿ ಇಂದಿಗೂ ಇದೆ, ಆದರೆ 1845ರಲ್ಲಿ ನೆಲೆಗೊಂಡ ನ್ಯೂ ಬ್ರೌನ್‌ಫೆಲ್ಸ್ ಸುತ್ತಲಿನ ಟೆಕ್ಸಸ್ ಜರ್ಮನ್ ಆಡುವವರು ಹೆಚ್ಚಾಗಿ ವೃದ್ಧರು. ಟೆಕ್ಸಸ್ ವಿಶ್ವವಿದ್ಯಾಲಯದ ತಂಡವೊಂದು 2001ರಿಂದ ಅವರ ಮಾತನ್ನು ಧ್ವನಿಮುದ್ರಿಸುತ್ತ ಬಂದಿದೆ. ಮನೆಯಲ್ಲಿ ಅಂಥ ಒಬ್ಬ ಅಜ್ಜಿಯಿದ್ದರೆ ಓಲೆಗಳನ್ನು ಪಕ್ಕಕ್ಕಿಟ್ಟು ಮೊದಲು ಅವರ ಬಳಿ ಕುಳಿತುಕೊಳ್ಳಿ. ‘ನಿಮ್ಮ ಇತಿಹಾಸ ಹೇಳಿ’ ಎಂದರೆ ಅವರು ಸುಮ್ಮನಾಗಬಹುದು. ಊಟದ ಮುಂಚಿನ ಪ್ರಾರ್ಥನೆ, ಕ್ರಿಸ್ಮಸ್ ತಿನಿಸು, ದನಕರುಗಳನ್ನು ಕರೆಯುತ್ತಿದ್ದ ರೀತಿಯನ್ನು ಕೇಳಿದರೆ ಮಾತು ತಾನಾಗಿ ಬರುತ್ತದೆ.

ಕೊನೆಗೆ, ಎಲ್ಲವನ್ನೂ ಕನಿಷ್ಠ 400 ಡಿಪಿಐಯಲ್ಲಿ (ಇಂಚಿಗೆ ಇಷ್ಟು ಚುಕ್ಕಿಗಳೆಂಬ ಸ್ಪಷ್ಟತೆಯ ಅಳತೆ) ಸ್ಕ್ಯಾನ್ ಮಾಡಿ, ಖಾಲಿ ಬೆನ್ನನ್ನೂ ಲಕೋಟೆಯನ್ನೂ ಬಿಡದೆ, ಪ್ರತಿಗಳನ್ನು ಎರಡು ಬೇರೆ ಬೇರೆ ಊರುಗಳಲ್ಲಿಡಿ. ಮೂಲವನ್ನು ಕುಟುಂಬ ಇಟ್ಟುಕೊಳ್ಳಲಾಗದಿದ್ದರೆ ಆ ಜಿಲ್ಲೆಯ ಇತಿಹಾಸ ಸಂಘವನ್ನೋ, ವಿಸ್ಕಾನ್ಸಿನ್‌ನ ಮ್ಯಾಡಿಸನ್‌ನಲ್ಲಿರುವ, ಜರ್ಮನ್-ಅಮೆರಿಕನ್ ಅಧ್ಯಯನದ ಮ್ಯಾಕ್ಸ್ ಕಾಡೆ ಸಂಸ್ಥೆಯನ್ನೋ, ಫಿಲಡೆಲ್ಫಿಯಾದಲ್ಲಿ 1764ರಿಂದ ನಡೆದುಬಂದಿರುವ ಪೆನ್ಸಿಲ್ವೇನಿಯಾದ ಜರ್ಮನ್ ಸೊಸೈಟಿಯ ಗ್ರಂಥಾಲಯವನ್ನೋ ವಿಚಾರಿಸಬಹುದು. ಕೊಡುವಾಗ ಇಡೀ ಕಟ್ಟನ್ನು ಒಡೆಯದೆ ಕೊಡಿ. ಚೆಂದದ ದೀಕ್ಷಾಸ್ನಾನದ ಪತ್ರವನ್ನು ಚೌಕಟ್ಟಿಗೆಂದು ಬೇರ್ಪಡಿಸಬೇಡಿ. ದಾನಪತ್ರದಲ್ಲಿ ಪೆಟ್ಟಿಗೆ ಬಂದ ಹಾದಿಯನ್ನೂ ನೀವು ಓದಿ ಬರೆದ ಪಠ್ಯವನ್ನೂ ಲಗತ್ತಿಸಿ, ಓದಲಾಗದೆ ಬಿಟ್ಟ ಪದಗಳ ಜಾಗವನ್ನು ಊಹೆಯಿಂದ ತುಂಬದೆ ಖಾಲಿಯಾಗಿಯೇ ಉಳಿಸಿ.