ಹಾಡಿನಿಂದ ದೆವ್ವ ಬಿಡಿಸಿದ್ದು

ಅಮೆರಿಕದ ಮಿಸಿಸಿಪಿಯಲ್ಲಿ ರಾಬರ್ಟ್ ಜಾನ್ಸನ್ ಅಂತ ಒಬ್ಬ ಬ್ಲೂಸ್ (ಅಲ್ಲಿನ ಕರಿಯರ ದುಗುಡದ ಹಾಡಿನ ಶೈಲಿ) ಹಾಡುಗಾರನಿದ್ದ, ದೆವ್ವಕ್ಕೆ ಆತ್ಮ ಮಾರಿ ಗಿಟಾರ್ ಕಲಿತ ಅಂತ ಅವನ ಬಗ್ಗೆ ಕಥೆ. ಅವನ ಮೇಲೆ ನಾನು ಮೊದಲು ಬರೆದ ಹಾಡಿನಲ್ಲಿ ಎಲ್ಲವೂ ಇತ್ತು. ನಡುರಾತ್ರಿ, ನಾಲ್ಕು ದಾರಿ ಕೂಡುವ ಜಾಗ, ಗಿಟಾರ್ ಶ್ರುತಿ ಮಾಡಿಕೊಟ್ಟು ಆತ್ಮ ಬರೆಸಿಕೊಳ್ಳುವ ದೆವ್ವ. ಪ್ರಾಕ್ಟೀಸಿನಲ್ಲಿ ನುಡಿಸಿ ಮುಗಿಸಿದಾಗ ನಮ್ಮ ಡ್ರಮ್ಮರ್, "ಏನ್ ಗುರು, ನಿಂಬೆಹಣ್ಣು ಒಂದು ಬಿಟ್ಟಿದೀಯಲ್ಲ" ಅಂದ. ಎಲ್ಲರೂ ನಕ್ಕರು. ನನಗೆ ಉರಿಯಿತು. ಆದರೆ ಅವನು ಹೇಳಿದ್ದು ಸರಿಯಾಗಿತ್ತು.

ಆಮೇಲೆ ಜಾನ್ಸನ್ ರೆಕಾರ್ಡ್ ಮಾಡಿದ 29 ಹಾಡುಗಳನ್ನು ಮತ್ತೆ ಕೇಳಿದೆ. 1936ರಲ್ಲಿ ಸ್ಯಾನ್ ಆಂಟೋನಿಯೋ, 1937ರಲ್ಲಿ ಡಲ್ಲಾಸ್, ಅಷ್ಟೇ. 'ಕ್ರಾಸ್ ರೋಡ್ ಬ್ಲೂಸ್'ನಲ್ಲಿ ದೆವ್ವದ ಜೊತೆ ವ್ಯವಹಾರವೇ ಇಲ್ಲ! ಒಬ್ಬ ಮೊಣಕಾಲೂರಿ ದೇವರನ್ನು ಬೇಡುತ್ತಾನೆ, ಗಾಡಿಗೆ ಕೈ ಅಡ್ಡ ಹಾಕುತ್ತಾನೆ, ಯಾರೂ ನಿಲ್ಲಿಸುವುದಿಲ್ಲ, ಹೊತ್ತು ಮುಳುಗುತ್ತಿದೆ. ಆ ಕಾಲದ ಮಿಸಿಸಿಪಿಯಲ್ಲಿ ಕತ್ತಲಾದ ಮೇಲೆ ಕರಿಯ ಮನುಷ್ಯನೊಬ್ಬ ರಸ್ತೆಯಲ್ಲಿ ಒಂಟಿಯಾಗಿ ಸಿಕ್ಕಿಬಿದ್ದರೆ ಹೆದರಿಸಲು ಬೇರೆ ದೆವ್ವ ಬೇಕಾ?

ಕೂಡುರಸ್ತೆಯ ಕಥೆ ಮೊದಲು ಟಾಮಿ ಜಾನ್ಸನ್ ಎಂಬ ಇನ್ನೊಬ್ಬ ಹಾಡುಗಾರನದು. ರಾಬರ್ಟ್‌ಗೆ ಅದು ಆಮೇಲೆ ಅಂಟಿಕೊಂಡಿತು. ಹಿರಿಯ ಬ್ಲೂಸ್ ಹಾಡುಗಾರ ಸನ್ ಹೌಸ್ ಹೇಳಿದಂತೆ ಈ ಹುಡುಗನಿಗೆ ಮೊದಲು ಗಿಟಾರ್ ಬರುತ್ತಿರಲಿಲ್ಲ. ಎಲ್ಲೋ ಹೋಗಿ ವಾಪಸ್ ಬಂದಾಗ ಎಲ್ಲರನ್ನೂ ಮೀರಿಸಿದ್ದ. ಹೋಗಿದ್ದೆಲ್ಲಿಗೆ? ಐಕ್ ಝಿಮ್ಮರ್‌ಮನ್ ಎಂಬ ಗುರುವಿನ ಹತ್ತಿರ. ಝಿಮ್ಮರ್‌ಮನ್ ಮನೆಯವರ ನೆನಪಿನ ಪ್ರಕಾರ ಇಬ್ಬರೂ ರಾತ್ರಿ ಸ್ಮಶಾನದಲ್ಲಿ ಕೂತು ನುಡಿಸುತ್ತಿದ್ದರು, ಅಲ್ಲಿ ಬೈಯುವವರು ಯಾರೂ ಇಲ್ಲವಲ್ಲ. ವಠಾರದಲ್ಲಿ ಗಿಟಾರ್ ಕಲಿತ ನನಗೆ ಇದು ತಕ್ಷಣ ಅರ್ಥವಾಯಿತು. ಹಳೆಯ ಹಾಡು ಹರಿದು ಹಾಕಿದೆ.

ಗಿಟಾರನ್ನು ಓಪನ್ ಜಿ ಟ್ಯೂನಿಂಗ್‌ಗೆ (ಬೆರಳಿಡದೆ ಮೀಟಿದರೂ ಜಿ ಕಾರ್ಡ್ ಕೇಳುವ ಶ್ರುತಿ) ಇಳಿಸಿದೆ: ಡಿ, ಜಿ, ಡಿ, ಜಿ, ಬಿ, ಡಿ. ಕಿರುಬೆರಳಿಗೆ ಸ್ಲೈಡ್, ಅಂದರೆ ತಂತಿ ಮೇಲೆ ಜಾರಿಸುವ ಕೊಳವೆ. ಹನ್ನೆರಡು ಬಾರ್‌ನ (ತಾಳದ ಸುತ್ತಿನ) ಬ್ಲೂಸ್, ಆದರೆ ಡ್ರಮ್ಸ್ ಜೋರು. ಇದಕ್ಕೆ ಹೆಚ್ಚು ದಿನ ಹಿಡಿಯಲಿಲ್ಲ.

ತಲೆ ತಿಂದಿದ್ದು ಮಾತುಗಳು. ಬ್ಲೂಸ್‌ನಲ್ಲಿ ಮೊದಲ ಸಾಲು ಎರಡು ಸಲ ಬರುತ್ತದೆ, ಮೂರನೆಯದು ಅದಕ್ಕೆ ಉತ್ತರ. ಕನ್ನಡದಲ್ಲಿ ವಾಕ್ಯದ ಕೊನೆಗೆ ಕ್ರಿಯಾಪದ, ಹಾಗಾಗಿ ಅಂತ್ಯಪ್ರಾಸ ಅಂದರೆ ಬರೀ 'ಬಂದೆ, ಹೋದೆ, ಕೂತೆ'. ಎರಡು ವಾರ ಒದ್ದಾಡಿದೆ. ಕೊನೆಗೆ ಸ್ಕೂಲಿನಲ್ಲಿ ಉರುಹೊಡೆದ ಆದಿಪ್ರಾಸ ನೆನಪಾಯಿತು: ಪ್ರತಿ ಸಾಲಿನ ಎರಡನೇ ಅಕ್ಷರದ ವ್ಯಂಜನ ಒಂದೇ.

ಕಲ್ಲ ಮೇಲೆ ಕೂತು ತಂತಿ ಮೀಟಿದ ರಾತ್ರಿಯೆಲ್ಲ
ಕಲ್ಲ ಮೇಲೆ ಕೂತು ತಂತಿ ಮೀಟಿದ ರಾತ್ರಿಯೆಲ್ಲ
ಎಲ್ಲಿತ್ತೋ ದೆವ್ವ? ಕೇಳೋಕೆ ಸತ್ತೋರೇ ಇದ್ದರಲ್ಲ

ಇದನ್ನು ಹಾಡಿದಾಗ ಡ್ರಮ್ಮರ್ ನಗಲಿಲ್ಲ. ಸುಮ್ನೆ ಇನ್ನೊಂದು ಸಲ ಕೌಂಟ್ ಕೊಟ್ಟ.

ಕೊನೆಯ ಚರಣ ರಾಬರ್ಟ್ ಸಾವಿನದು. 1938ರ ಆಗಸ್ಟ್ 16, ಗ್ರೀನ್‌ವುಡ್ ಹತ್ತಿರ, ವಯಸ್ಸು 27. ಮರಣಪತ್ರದಲ್ಲಿ ಕಾರಣ ಬರೆಯುವ ಕಡೆ 'ಡಾಕ್ಟರ್ ಇಲ್ಲ' ಎಂದಷ್ಟೇ ಇದೆ. ಸಮಾಧಿ ಕಲ್ಲುಗಳು ಮಾತ್ರ ಮೂರು ಕಡೆ! ವಿಸ್ಕಿಗೆ ಯಾರೋ ವಿಷ ಬೆರೆಸಿದರು ಎಂಬ ಮಾತು ಗಟ್ಟಿಯಾಗಿ ಸಾಬೀತಾಗಿಲ್ಲ. ದೆವ್ವ ತೆಗೆದವನು ಇದನ್ನೂ ತೆಗೆಯಬೇಕಿತ್ತು ಅಲ್ವಾ? ಆದರೆ ವಿಷದ ಸಾಲಿಗೆ ಸ್ಲೈಡ್ ಗಿಟಾರಿನ ಹನ್ನೆರಡನೇ ಫ್ರೆಟ್‌ನಿಂದ (ಕತ್ತಿನ ಮೇಲಿನ ಲೋಹದ ಪಟ್ಟಿ) ಜಾರಿ ಇಳಿಯುವುದು ಭಾರಿ ಚೆನ್ನಾಗಿ ಕೂತುಬಿಟ್ಟಿದೆ. ಇನ್ನೂ ತೆಗೆದಿಲ್ಲ.