ಅಂಕ ಮೊದಲು, ಮಾತು ಆಮೇಲೆ

ಸಂದರ್ಶನ ಮಾಡಿ ಜನರನ್ನು ಕೆಲಸಕ್ಕೆ ಆರಿಸುವುದು ನನಗೆ ಹಳೇ ಅಭ್ಯಾಸ. "ಐದು ನಿಮಿಷ ಮಾತಾಡಿಸಿದರೆ ಸಾಕು, ಆಳು ಎಂಥವನು ಅಂತ ಗೊತ್ತಾಗುತ್ತೆ" ಎಂದು ಜಂಬ ಕೊಚ್ಚಿಕೊಳ್ಳುತ್ತಿದ್ದೆ. ಆ ಜಂಬ ಇಳಿಸಿದ್ದು ಒಂದು ನೋಟ್‌ಬುಕ್.

ಸುಮ್ನೆ ಕುತೂಹಲಕ್ಕೆ, ಪ್ರತಿ ಆಯ್ಕೆಯ ದಿನವೇ ನನ್ನ ಅಭಿಪ್ರಾಯ ಬರೆದಿಡಲು ಶುರುಮಾಡಿದ್ದೆ. ವರ್ಷದ ನಂತರ ಒಬ್ಬರು ಕೆಲಸದಲ್ಲಿ ತೀರಾ ಸೋತರು. "ನನಗೆ ಮೊದಲೇ ಅನುಮಾನ ಇತ್ತು" ಎಂದು ಎಲ್ಲರ ಮುಂದೆ ಹೇಳಿಬಿಟ್ಟೆ. ಪುಟ ತೆರೆದು ನೋಡಿದರೆ, "ಕಣ್ಣು ಮುಚ್ಚಿ ತಗೋಬಹುದು" ಅಂತಿದೆ. ನನ್ನದೇ ಅಕ್ಷರ, ಕೆಳಗೆ ಎರಡು ಗೆರೆ ಬೇರೆ! ನಾನು ಸುಳ್ಳು ಹೇಳಿರಲಿಲ್ಲ. ಫಲಿತಾಂಶ ಗೊತ್ತಾದ ಮೇಲೆ ನೆನಪೇ ಬದಲಾಗಿತ್ತು. ಮನಶ್ಶಾಸ್ತ್ರಜ್ಞ ಬರೂಕ್ ಫಿಶ್‌ಹಾಫ್ 1975ರಲ್ಲೇ ಇದನ್ನು ಪ್ರಯೋಗ ಮಾಡಿ ತೋರಿಸಿದ್ದರು. ಅದನ್ನು ಓದಿಯೂ ಇದ್ದೆ, ಅಲ್ವಾ? ಓದಿದ್ದು ಏನೂ ಕೆಲಸಕ್ಕೆ ಬರಲಿಲ್ಲ.

ಆಮೇಲೆ ಅಂಕ ಕೊಡುವ ಕ್ರಮ ನೋಡಿದೆ. ಮೂವರು ಕೂರುತ್ತಿದ್ದೆವು. ಹಿರಿಯನೆಂದು ನಾನೇ ಮೊದಲು "8" ಅನ್ನುತ್ತಿದ್ದೆ. ಉಳಿದವರದು ಏಳೂವರೆ, ಎಂಟು. ಒಮ್ಮತ ಅಂದುಕೊಂಡು ಖುಷಿಪಡುತ್ತಿದ್ದೆ. ಮನಶ್ಶಾಸ್ತ್ರಜ್ಞರಾದ ಟ್ವೆರ್ಸ್ಕಿ, ಕಾನೆಮನ್ 1974ರಲ್ಲಿ ಪ್ರಕಟಿಸಿದ ಪ್ರಯೋಗವೊಂದರಲ್ಲಿ ಜನರ ಮುಂದೆ ಅಂಕಿಗಳ ಚಕ್ರ ತಿರುಗಿಸಿ, ವಿಶ್ವಸಂಸ್ಥೆಯಲ್ಲಿ ಆಫ್ರಿಕಾದ ದೇಶಗಳು ಶೇಕಡಾ ಎಷ್ಟು ಎಂದು ಕೇಳಿದ್ದರು. ಚಕ್ರ 10ಕ್ಕೆ ನಿಂತ ಗುಂಪಿನ ಮಧ್ಯಮ ಅಂದಾಜು 25, 65ಕ್ಕೆ ನಿಂತ ಗುಂಪಿನದು 45. ಸಂಬಂಧವೇ ಇಲ್ಲದ ಚಕ್ರಕ್ಕೇ ಅಷ್ಟು ಎಳೆತ ಇದ್ದರೆ, ಹಿರಿಯನ ಬಾಯಿಂದ ಬಂದ ಅಂಕಿಗೆ ಎಷ್ಟಿರಬೇಡ!

ಚೀಟಿ ಪದ್ಧತಿ ತಂದೆ. ಯಾರೂ ಮಾತಾಡುವಂತಿಲ್ಲ. ಒಟ್ಟು ಅಂಕವೂ ಬೇಡ, ಒಂದೊಂದು ಪ್ರಶ್ನೆಗೂ ಬೇರೆ ಬೇರೆ ಅಂಕ, ಇಲ್ಲದಿದ್ದರೆ ಚೆನ್ನಾಗಿ ಮಾತಾಡುವವರಿಗೆ ಎಲ್ಲದರಲ್ಲೂ ಜಾಸ್ತಿ ಬೀಳುತ್ತೆ. ಬರೆದಾದ ಮೇಲೆ ಚೀಟಿ ಮಗುಚಿ ಇಡಬೇಕು.

ಮೊದಲ ದಿನವೇ ಒಂದೇ ಪ್ರಶ್ನೆಗೆ 8, 6, 3 ಬಂತು. 3 ಕೊಟ್ಟವರು ನಮ್ಮಲ್ಲಿ ಕಿರಿಯರು. ಪಕ್ಕದಲ್ಲೇ ಕಾರಣ ಬರೆದಿದ್ದರು: "ನೀವೇನು ಮಾಡಿದಿರಿ ಅಂತ ಮೂರು ಸಲ ಕೇಳಿದೆವು. ಮೂರು ಸಲವೂ 'ನಾವು ಮಾಡಿದೆವು' ಅಂದರು." ನನ್ನ ಕಿವಿಗೂ ಅದು ಬಿದ್ದಿತ್ತು, ಆದರೆ ಮನಸ್ಸಿಗೆ ಹೋಗಿರಲಿಲ್ಲ. ಅಷ್ಟರಲ್ಲಿ ನಾನು ಆ ಅಭ್ಯರ್ಥಿಯನ್ನು ಮೆಚ್ಚಿಯಾಗಿತ್ತು.

ಈಗಲೂ ಆ ಕಿರಿಯರು ಅಂಕ ಬರೆಯುವ ಮುಂಚೆ ಒಮ್ಮೆ ನನ್ನ ಮುಖ ನೋಡುತ್ತಾರೆ. ಹಾಗಾಗಿ ಆ ಹೊತ್ತಿಗೆ ನಾನು ನೀರು ಕುಡಿಯುವ ನೆಪ ಹೇಳಿ ಎದ್ದುಹೋಗುತ್ತೇನೆ.